ಉರಿಯದ ಒಲೆಯ ವಿಷಯವಾಗಿ ಪ್ರೊಫೆಸರ್ ಗೋಪೀನಾಥರಿಗೆ ಪತ್ರಿಕೆಯ ಮೂಲಕ ಬಹಿರಂಗ ಪತ್ರ

ರಾಜಾಜಿನಗರ, ೧೭ ಜೂನ್ ೧೯೫೭

ನಾವಾರೂ ಕಣ್ಣಿಂದ ಕಾಣದ ಲೆಕ್ಕದ ಯಂತ್ರಗಳ ಮೇಲೆ ಎರಡೆರಡು ದಪ್ಪ ಪುಸ್ತಕ ಬರೆದ ಮಹಾಮೇಧಾವಿಗಳ ಸನ್ನಿಧಾನಕ್ಕೆ, ಹೈಸ್ಕೂಲು ಗಣಿತದ ಮೇಷ್ಟರ ಹೆಂಡತಿ ಬಸವರಾಜೇಶ್ವರಿ ಸಲ್ಲಿಸುವ ಸಾವಿರ ನಮಸ್ಕಾರಗಳು.

ಮಾನ್ಯರೇ, ಯಂತ್ರ ಯಾವ ಲೆಕ್ಕ ಮಾಡಬಲ್ಲದು, ಯಾವುದನ್ನು ಮಾಡಲಾರದು ಎಂಬುದು ತಮ್ಮ ಮೊದಲ ಪುಸ್ತಕವೆಂದೂ, ಅದಕ್ಕೆ ಆಜ್ಞೆ ಬರೆಯುವ ಬಗೆ ಎರಡನೆಯದೆಂದೂ ನಮ್ಮ ಯಜಮಾನರು ಊಟಕ್ಕೆ ಕೂತಾಗಲೆಲ್ಲ ಹೇಳಿ ಹೇಳಿ ನನಗೂ ಬಾಯಿಪಾಠವಾಗಿದೆ. ಆದರೆ ಯಂತ್ರ ನಮ್ಮ ಬಡಾವಣೆಯಲ್ಲಿ ಸಿಕ್ಕದ ಕಾರಣ, ಆ ಹುದ್ದೆಗೆ ನನ್ನನ್ನೇ ನೇಮಿಸಿಕೊಂಡರು.

ಕಳೆದ ಭಾನುವಾರ ನಮ್ಮ ಮಗಳು ಶಿವಗಂಗಳನ್ನು ನೋಡಲು ದಾವಣಗೆರೆಯ ಬಸವಲಿಂಗಪ್ಪನವರು ಓವರ್‌ಸಿಯರ್ ಆಗಿರುವ ತಮ್ಮ ಮಗನನ್ನು ಕರೆದುಕೊಂಡು ಬಂದರು. ಮೂರು ಸಂಬಂಧ ತಪ್ಪಿಹೋದ ಮೇಲೆ ಬಂದ ನಾಲ್ಕನೆಯದು ಇದು. ಯಜಮಾನರೋ ಬೀಗರಾಗುವವರ ಮುಂದೆ ತಮ್ಮ ವಿದ್ಯೆ ತೋರಿಸಬೇಕೆಂದು ಉಪ್ಪಿಟ್ಟು ಮಾಡಲು ಹತ್ತೊಂಬತ್ತು ಆಜ್ಞೆ ಬರೆದು ನನ್ನ ಕೈಗಿತ್ತು, "ಬರೆದಷ್ಟೇ ಮಾಡು, ಸ್ವಂತ ಬುದ್ಧಿ ಓಡಿಸಬೇಡ" ಅಂದರು. ಇಪ್ಪತ್ತೆರಡು ವರ್ಷ ಉಪ್ಪಿಟ್ಟು ಕೆದಕಿದ ನನಗೆ ರೇಗಿಹೋಯಿತು, ಬರೆದಷ್ಟೇ ಮಾಡಿದೆ. ಎಣ್ಣೆ ಹಾಕಿದೆ, ಸಾಸಿವೆ ಹಾಕಿದೆ, "ಸಿಡಿಯುವವರೆಗೆ ಕಾಯುವುದು" ಎಂದಿತ್ತು, ಸೆರಗು ಹೊದ್ದು ಮಣೆಯ ಮೇಲೆ ಕಾಯುತ್ತಾ ಕೂತೆ. ಮುಕ್ಕಾಲು ಗಂಟೆ ಕಳೆಯಿತು.

ಹಜಾರದಿಂದ ಬಸವಲಿಂಗಪ್ಪನವರು, "ಏನ್ರೀ ಮೇಷ್ಟ್ರೇ, ಉಪ್ಪಿಟ್ಟು ತುಮಕೂರಿಂದ ಬರಬೇಕೇನ್ರೀ?" ಅಂದರು. ಎಲ್ಲರೂ ಅಡುಗೆಮನೆಯ ಬಾಗಿಲಿಗೆ ಬಂದು ನಿಂತರು. ಆಗ ರೇಷ್ಮೆ ಸೀರೆಯ ಶಿವಗಂಗ ಚೀಟಿಯನ್ನು ಒಮ್ಮೆ ಓದಿ, "ಅಪ್ಪಾಜಿ, ಒಲೆ ಹಚ್ಚು ಅಂತ ನೀವು ಬರೆದೇ ಇಲ್ವಲ್ಲ!" ಅಂದಳು. ಮದುವೆ ಮಾತು ಮರೆತು ಅಲ್ಲೇ ನೆಲದ ಮೇಲೆ ಕೂತು, ಸೀಸದಕಡ್ಡಿಯಿಂದ ಇನ್ನೂ ಐದು ತಪ್ಪು ತಿದ್ದಿದಳು. ತಮ್ಮ ಪುಸ್ತಕಗಳೆರಡನ್ನೂ ಅವಳು ಗುಟ್ಟಾಗಿ ಓದಿ ಮುಗಿಸಿದ್ದು ನಮಗೆ ತಿಳಿದದ್ದು ಆವತ್ತೇ.

ಬಂದವರು ಎರಡೆರಡು ತಟ್ಟೆ ತಿಂದು, "ಹುಡುಗಿಗೆ ಬುದ್ಧಿ ಒಸಿ ಜಾಸ್ತಿ" ಎಂದು ಬಸ್ಸು ಹತ್ತಿದರು. ಅಳಬೇಕೆಂದು ಒಳಕ್ಕೆ ಹೋದ ನಾನು, ಯಜಮಾನರ ಪೆಚ್ಚು ಮುಖ ನೆನೆದು ನಕ್ಕೂ ನಕ್ಕೂ ಪಕ್ಕೆ ನೋಯಿಸಿಕೊಂಡೆ. ಶಿವಗಂಗಳೂ ಬಂದು ಜೊತೆಗೆ ಉರುಳಿದಳು. ಸೋಮವಾರ ನಾನೇ ಅವಳ ಬಿ.ಎಸ್ಸಿ. ಗಣಿತದ ಅರ್ಜಿಗೆ ಯಜಮಾನರಿಂದ ರುಜು ಹಾಕಿಸಿದೆ.

ಹೀಗೆ ಒಂದು ಸಂಬಂಧವನ್ನು ಸೊಗಸಾಗಿ ಮುರಿದ ತಾವು, ದಯಮಾಡಿ ಮೂರನೆಯ ಪುಸ್ತಕ ಬರೆದು, ನೆಂಟರಿಷ್ಟರ ಬಾಯಿ ಮುಚ್ಚಿಸುವ ಆಜ್ಞೆಯನ್ನೂ, ಗಂಡಂದಿರು ತಿಂದ ತಟ್ಟೆಯನ್ನು ತಾವೇ ಎತ್ತುವ ಆಜ್ಞೆಯನ್ನೂ ಕರುಣಿಸಬೇಕಾಗಿ ಬೇಡುವ,

ಇಷ್ಟಾದರೂ ತಮ್ಮ ವಿಶ್ವಾಸಿಯೇ ಆದ,
ಬಸವರಾಜೇಶ್ವರಿ

ಮರೆತ ಮಾತು: ತಮ್ಮ ಎರಡನೆಯ ಪುಸ್ತಕದ ನೂರ ಹನ್ನೆರಡನೆಯ ಪುಟದ ಲೆಕ್ಕ, ತಾವು ಬರೆದಂತೆ ಮಾಡುತ್ತಾ ಹೋದರೆ ಈ ಜನ್ಮದಲ್ಲಿ ಮುಗಿಯುವುದಿಲ್ಲವಂತೆ. ಪತ್ರಿಕೆಯಲ್ಲಿ ಅಚ್ಚಾದರೆ ತಮಗೆ ಮುಜುಗರವಾದೀತೆಂದು ತಿದ್ದುಪಡಿಯನ್ನು ಇಲ್ಲಿ ಬರೆದಿಲ್ಲ. ತಾವೇ ಮನೆಗೆ ಬಂದರೆ ಶಿವಗಂಗ ನಿಧಾನವಾಗಿ, ತಮಗೆ ತಿಳಿಯುವ ಹಾಗೆ ಹೇಳಿಕೊಡುತ್ತಾಳೆ.