ಅತಿಥಿಯ ಕೈಗೆ ಪೊರಕೆ

ಈ ರಾದ್ಧಾಂತಕ್ಕೆಲ್ಲ ಮೂಲ, ಮೆಟ್ಟಿಲ ಬುಡದ ಗೋಡೆಗೆ ಅಂಟಿಸಿದ್ದ ಒಂದು ಹಾಳೆ. ‘ಮೇ ಹದಿನೇಳರ ರಾಷ್ಟ್ರೀಯ ಹಬ್ಬಕ್ಕೆ ಮುಂಚೆ ಅಂಗಳ ಚೊಕ್ಕಟವಾಗಬೇಕು. ಶನಿವಾರ ಬೆಳಿಗ್ಗೆ ಹತ್ತಕ್ಕೆ ಶ್ರಮದಾನ. ಬರುವುದು ಬಿಡುವುದು ಅವರವರ ಇಷ್ಟ. ಬಾರದವರ ಹೆಸರನ್ನು ಇದೇ ಗೋಡೆಗೆ ಅಂಟಿಸಲಾಗುವುದು. ಇಂತಿ, ಒಡ್‌ವಾರ್, ನಿವಾಸಿಗಳ ಸಂಘದ ಅಧ್ಯಕ್ಷ.’

ನಾಲ್ಕನೇ ಮಹಡಿಯ ತಿರಿಲ್ ಅದನ್ನು ಓದಿ ಅಲ್ಲೇ ಮೆಟ್ಟಿಲ ಮೇಲೆ ಕುಸಿದು ಕೂತಳು. ಅದೇ ಶನಿವಾರ, ಹನ್ನೊಂದು ಗಂಟೆಗೆ, ಅವಳ ಹಣೆಬರಹ ಬರೆಯುವವಳೊಬ್ಬಳು ಅವಳ ಮನೆಗೆ ಬರುವವಳಿದ್ದಳು.

ತಿರಿಲ್‌ಗೆ ಇಪ್ಪತ್ತೆರಡು. ಒಂಬತ್ತನೇ ವಯಸ್ಸಿಗೆ ನಾರ್ವೆಯ ಟ್ರೊಂಡ್‌ಹೈಮಿನ ಒಂದು ಯುವ ರಂಗತಂಡಕ್ಕೆ ಸೇರಿದವಳು ಮೊದಲ ವರ್ಷ ಪೈನ್ ಮರವಾದಳು, ಎರಡನೇ ವರ್ಷ ಮಾತಾಡುವ ಪೈನ್ ಮರವಾದಳು, ಹದಿನೇಳಕ್ಕೆ ರಾಣಿಯಾದಳು. ಕೊನೆಯ ಸಾಲಿನ ಕಿವುಡಜ್ಜಿಗೂ ಕೇಳಬೇಕು ಎಂದು ಮೇಷ್ಟರು ತಲೆಗೆ ತುಂಬಿದ್ದರು, ಕೇಳಿಸಿದಳು. ಇಪ್ಪತ್ತು ತುಂಬಿದ ದಿನ ಕೇಕು ತಿನ್ನಿಸಿ, ಹೂ ಕೊಟ್ಟು, ಇನ್ನು ನೀನು ಈ ತಂಡದ ಲೆಕ್ಕಕ್ಕಿಲ್ಲ ಎಂದು ಬಾಗಿಲು ತೋರಿಸಿದರು. ಅಂದಿನಿಂದ ಬೆಳಿಗ್ಗೆ ಬೇಕರಿಯಲ್ಲಿ ಬನ್ನು ಮಾರುವುದು, ಸಂಜೆ ಸಿನಿಮಾದವರಿಗೆ ತನ್ನ ನಟನೆಯ ವಿಡಿಯೋ ಕಳಿಸುವುದು, ಇಷ್ಟೇ ಆಗಿತ್ತು ಬದುಕು.

ಮೂವತ್ತೊಂದನೇ ವಿಡಿಯೋಕ್ಕೆ ಉತ್ತರ ಬಂತು. ಕಳಿಸಿದವಳು ವಿಬೆಕೆ; ಸಿನಿಮಾಗಳಿಗೆ ನಟನಟಿಯರನ್ನು ಆರಿಸುವುದು ಅವಳ ಕೆಲಸ. ಮೀನು ಕಾರ್ಖಾನೆಯ ಹುಡುಗಿಯ ಪಾತ್ರ, ಇಡೀ ಸಿನಿಮಾ ಅವಳದೇ, ಆಯ್ಕೆಯಲ್ಲಿ ಕೊನೆಗೆ ಉಳಿದವರು ಇಬ್ಬರೇ. ‘ನಿನ್ನ ವಿಡಿಯೋ ಬಹಳ ಕುತೂಹಲಕರ. ಆದರೆ ನೀನು ಕೊನೆಯ ಸಾಲಿಗೆ ಮಾತಾಡುತ್ತೀಯ. ಕ್ಯಾಮರಾ ಮಾರು ದೂರದಲ್ಲೇ ಇರುತ್ತದೆ. ನಟಿಸದೆ ಇದ್ದಾಗ ನೀನು ಹೇಗಿರುತ್ತೀಯೋ ನೋಡಬೇಕು. ಶನಿವಾರ ಹನ್ನೊಂದಕ್ಕೆ ಮನೆಗೆ ಬರುತ್ತೇನೆ.’

ನಟಿಸದೆ ಇರುವುದು ಹೇಗೆಂದು ತಿರಿಲ್ ಮೂರು ದಿನದಿಂದ ಕನ್ನಡಿಯ ಮುಂದೆ ಅಭ್ಯಾಸ ಮಾಡುತ್ತಿದ್ದಳು.

ಅಧ್ಯಕ್ಷರಿಗೆ ಇದ್ದದ್ದು ಇದ್ದ ಹಾಗೆ ಹೇಳಿ ರಜೆ ಕೇಳಬಹುದಿತ್ತಲ್ಲ ಎಂದು ನೀವು ಕೇಳಬಹುದು. ಅದೊಂದು ಹಳೇ ಗಾಯ. ಹಿಂದೊಮ್ಮೆ ಹಾಲಿನ ಜಾಹೀರಾತಿನಲ್ಲಿ ಬರುತ್ತೇನೆ ಎಂದು ಬಾಯಿ ಬಿಟ್ಟಿದ್ದಳು. ಇಡೀ ಕಟ್ಟಡ ಎರಡನೇ ಮಹಡಿಯ ಗುನ್‌ವೋರ್ ಅಜ್ಜಿಯ ಮನೆಯಲ್ಲಿ ಟೀವಿ ಮುಂದೆ ಸೇರಿತ್ತು. ತೆರೆಯ ಮೇಲೆ ಬಂದದ್ದು ಅವಳ ಮೊಣಕೈ ಮಾತ್ರ. ಆ ಮೊಣಕೈಯನ್ನು ಜನ ಎರಡು ವರ್ಷ ಹೊಗಳಿದರು. ಹೊಗಳಿಕೆಯಷ್ಟು ಚುಚ್ಚುವ ವಸ್ತು ಇನ್ನೊಂದಿಲ್ಲ. ಈ ಸಲ ಕೈಗೆ ಬರುವ ತನಕ ತುಟಿ ಪಿಟಕ್ಕೆನ್ನುವುದಿಲ್ಲ ಎಂದು ಆಣೆ ಮಾಡಿಕೊಂಡಿದ್ದಳು.

ಹಾಗಾಗಿ ಒಡ್‌ವಾರ್‌ನ ಬಾಗಿಲು ತಟ್ಟಿ ರಾಗ ಎಳೆದಳು.

“ಒಡ್‌ವಾರ್, ಶನಿವಾರ ನನಗೆ ಸ್ವಲ್ಪ ಕೆಲಸ ಇತ್ತು.”

“ಬಲವಂತ ಏನಿಲ್ಲಮ್ಮ. ಹಾಳೆ ಓದಿಲ್ವಾ? ಇಷ್ಟ ಇದ್ರೆ ಬರೋದು.”

“ಹಂಗಾದ್ರೆ ಈ ಸಲ ನಾನು...”

“ಹೋದ ಸಲಾನೂ ನಿನಗೆ ಇಷ್ಟ ಇರ್ಲಿಲ್ಲ. ಅದರ ಹಿಂದಿನ ಸಲಾನೂ ಇರ್ಲಿಲ್ಲ. ನಾನೇನೂ ಅನ್ನಲ್ಲಪ್ಪ. ಜನ ಅಂತಾರೆ.”

“ಯಾವ ಜನ?”

“ಈಗ, ನಾನೇ ಅಂತಿಟ್ಕೋ.”

ತಿರಿಲ್ ಸೋತಳು. “ಹತ್ತಕ್ಕೆ ಬರ್ತೀನಿ, ಹತ್ತೂಮುಕ್ಕಾಲಿಗೆ ಹೋಗ್ತೀನಿ. ಮನೆಗೆ ಒಬ್ರು ಬರೋರಿದ್ದಾರೆ.”

“ಬರ್ಲಿ. ಪೊರಕೆಗೇನು ಬರ ಇಲ್ಲ,” ಎಂದ ಒಡ್‌ವಾರ್.

ಶನಿವಾರ ಬಿಸಿಲು ಬಿತ್ತು. ಚಳಿಗಾಲ ಪೂರಾ ಜನ ಜಾರದಿರಲೆಂದು ಹಿಮದ ಮೇಲೆ ಸುರಿದ ಜಲ್ಲಿಪುಡಿಯೆಲ್ಲ ಹಿಮ ಕರಗಿ ಅಂಗಳದಲ್ಲಿ ಉಳಿದಿತ್ತು. ಅದನ್ನು ಗುಡಿಸಿ, ಗುಡ್ಡೆ ಹಾಕಿ, ಕೈಗಾಡಿಯಲ್ಲಿ ಗೇಟಿನಾಚೆ ಸಾಗಿಸಬೇಕು. ಒಡ್‌ವಾರ್ ಹಳದಿ ಅಂಗಿ ತೊಟ್ಟು, ಕೈಯಲ್ಲಿ ಹೆಸರಿನ ಪಟ್ಟಿ ಹಿಡಿದು, ಮದುವೆಮನೆಯ ಸೋದರಮಾವನ ಹಾಗೆ ಓಡಾಡುತ್ತಿದ್ದ. ಗುನ್‌ವೋರ್ ಅಜ್ಜಿ ಮೂಲೆಯಲ್ಲಿ ವಾಫಲ್ ಹಿಟ್ಟು ಕಲಸುತ್ತಿದ್ದಳು. ತಿರಿಲ್ ಮುಕ್ಕಾಲು ಗಂಟೆ ಗುಡಿಸಿ, ಯಾರ ಕಣ್ಣೂ ನೋಡದೆ ಮೇಲಕ್ಕೆ ಓಡಿದಳು. ಮುಖ ತೊಳೆದು, ಕಾಫಿ ಇಟ್ಟು, ದಾಲ್ಚಿನ್ನಿ ಬನ್ನು ಜೋಡಿಸಿ, ತಾನೇನೂ ತಯಾರಿ ಮಾಡಿಲ್ಲ ಎಂದು ತೋರಿಸಲು ಒಂದು ಬಟ್ಟಲನ್ನು ಬೇಕೆಂದೇ ಓರೆಯಾಗಿ ಇಟ್ಟು ಕೂತಳು.

ಹನ್ನೊಂದಕ್ಕೆ ಐದು ನಿಮಿಷ ಇರುವಾಗ ವಿಬೆಕೆ ಗೇಟು ತೆಗೆದು ಒಳಗೆ ಬಂದಳು.

“ನಮಸ್ಕಾರ, ನಾನು ಇಲ್ಲಿ ಒಬ್ಬರನ್ನ...”

“ಗೊತ್ತು, ಗೊತ್ತು,” ಎಂದು ಒಡ್‌ವಾರ್ ಎರಡೂ ಕೈಯಿಂದ ಅವಳ ಕೈ ಕುಲುಕಿದ. ಮೂರನೇ ಮಹಡಿಯ ಮನೆ ಹೋದ ತಿಂಗಳು ಮಾರಾಟವಾಗಿತ್ತು. ಕೊಂಡವರ ಮುಖ ಇನ್ನೂ ಯಾರೂ ಕಂಡಿರಲಿಲ್ಲ. “ಸಾಮಾನು ಬರೋಕೆ ಮುಂಚೆ ಶ್ರಮದಾನಕ್ಕೆ ಬಂದಿದ್ದೀರಲ್ಲ, ಇಂಥವರು ಬೇಕು ನೋಡಿ ನಮಗೆ. ಕೋಟು, ಚೀಲ ಎಲ್ಲ ನೆಲಮಾಳಿಗೇಲಿ ನೇತುಹಾಕಿ.”

ವಿಬೆಕೆ ಬಾಯಿ ತೆರೆದಳು. ಅಷ್ಟರಲ್ಲಿ ಕೈಗೆ ಪೊರಕೆ ಬಂದಿತ್ತು. ಆ ದೇಶದಲ್ಲಿ ದೊರೆಗೆ ಬೇಕಾದರೆ ಆಗುವುದಿಲ್ಲ ಅನ್ನಬಹುದು, ಶ್ರಮದಾನದಲ್ಲಿ ಕೊಟ್ಟ ಪೊರಕೆಗೆ ಅನ್ನುವ ಹಾಗಿಲ್ಲ. ಐದು ನಿಮಿಷ ಗುಡಿಸಿ ಜಾರಿಕೊಳ್ಳೋಣ ಅಂದುಕೊಂಡಳು. ಐದು ನಿಮಿಷಕ್ಕೆ ಒಬ್ಬರು ಬಂದು “ಎಷ್ಟು ಚೆನ್ನಾಗಿ ಗುಡಿಸ್ತೀರಿ” ಅಂದರು. ಹೊಗಳಿದ ಮೇಲೆ ಬಿಟ್ಟು ಹೋಗುವುದು ಹೇಗೆ? ಇನ್ನೈದು ನಿಮಿಷ ಗುಡಿಸಿದಳು.

ಮೇಲೆ ತಿರಿಲ್‌ಗೆ ಹನ್ನೊಂದಾಯಿತು, ಹನ್ನೊಂದೂಕಾಲಾಯಿತು. ಫೋನು ಮಾಡಿದಳು, ಅದು ನೆಲಮಾಳಿಗೆಯ ಗೂಟದಲ್ಲಿ ನೇತಾಡುತ್ತಿದ್ದ ಚೀಲದಲ್ಲಿ ಹಾಡಿ ಹಾಡಿ ಸುಮ್ಮನಾಯಿತು. ಕಿಟಕಿಯಿಂದ ಬಗ್ಗಿ ನೋಡಿದಳು. ಅಂಗಳದಲ್ಲಿ ಅದೇ ಜನ, ಜೊತೆಗೆ ಉಣ್ಣೆ ಟೋಪಿ ಹಾಕಿದ ಒಬ್ಬ ಹೊಸ ಹೆಂಗಸು. ವಿಬೆಕೆಯ ಚಿತ್ರವನ್ನು ಅವಳು ಅಂತರ್ಜಾಲದಲ್ಲಿ ನೋಡಿದ್ದಳು, ನಿಜ. ಆದರೆ ಅದು ಸೊಂಟದ ತನಕ ಕೆಂಪು ಕೂದಲಿದ್ದ ಕಾಲದ್ದು.

ಹನ್ನೊಂದೂಮುಕ್ಕಾಲಿಗೆ ಕೆಳಗಿನಿಂದ ಗುನ್‌ವೋರ್ ಅಜ್ಜಿ ಕೂಗಿದಳು. “ತಿರಿಲ್, ಯಾರೂ ಮೇಲೆ ಹೋಗಿದ್ದು ನಾ ಕಾಣೆ. ಬರಲಿಲ್ವಾ ನಿಮ್ಮೋರು? ಒಬ್ಳೇ ಕೂತು ಏನ್ಮಾಡ್ತೀಯ, ಬಾ ಚಿನ್ನ, ಗಾಡಿ ತಳ್ಳೋಕೆ ಜನ ಇಲ್ಲ.”

ತಿರಿಲ್ ಕಣ್ಣೊರೆಸಿಕೊಂಡು ಇಳಿದು ಬಂದಳು. ಒಡ್‌ವಾರ್ ಅವಳನ್ನು ಹೊಸಬಳ ಜೊತೆಗೆ ಹಾಕಿದ. ಒಬ್ಬಳು ತುಂಬುವುದು, ಒಬ್ಬಳು ತಳ್ಳುವುದು.

“ನಾನು ತಿರಿಲ್. ನಾಲ್ಕನೇ ಮಹಡಿ.”

“ಓ, ತಿರಿಲ್,” ಎಂದಳು ವಿಬೆಕೆ. “ನಾನು...”

“ನೀವು ಮೂರನೇ ಮಹಡಿ, ಗೊತ್ತು. ಕ್ಷಮಿಸಿ, ಇವತ್ತು ನನ್ನ ತಲೆ ಸರಿ ಇಲ್ಲ.” ಅಷ್ಟು ಹೇಳಿದ್ದೇ ಕಟ್ಟೆ ಒಡೆಯಿತು. ಹೊಸಬರಲ್ಲವೇ, ಮೊಣಕೈ ಕತೆ ಗೊತ್ತಿಲ್ಲದವರು. ಹೇಳಿಕೊಂಡರೆ ಏನು ನಷ್ಟ? ಒಂದೊಂದು ಸಲಿಕೆ ಜಲ್ಲಿಗೂ ಒಂದೊಂದು ಮಾತು ಬಿತ್ತು. “ಹದಿಮೂರು ವರ್ಷ ಆಯ್ತು ಕಣ್ರಿ, ಇದೊಂದನ್ನೇ ನೆಚ್ಕೊಂಡು. ಮೂರು ದಿನದಿಂದ ನಿದ್ದೆ ಮಾಡಿಲ್ಲ. ಬರಲ್ಲ ಅಂದ್ರೆ ಬರಲ್ಲ ಅಂತ ಹೇಳ್ಬಾರ್ದಾ? ‘ಬಹಳ ಕುತೂಹಲಕರ’ ಅಂತೆ. ಕುತೂಹಲಕರ ಅನ್ನೋದು ಏನು ಗೊತ್ತಾ? ಸಾರು ಕೆಟ್ಟಿದ್ದಾಗ ಅತ್ತೆ ಮನೇಲಿ ಹೇಳೋ ಮಾತು ಅದು.”

“ಹಾಗಂತೀಯಾ?”

“ಮತ್ತಿನ್ನೇನು? ಕೊನೇ ಸಾಲಿಗೆ ಮಾತಾಡ್ತೀನಂತೆ. ಆ ಕೊನೇ ಸಾಲಲ್ಲಿ ನಮ್ಮಜ್ಜಿ ಕೂರ್ತಿದ್ಲು. ಒಂದು ನಾಟಕಾನೂ ತಪ್ಪಿಸ್ಲಿಲ್ಲ. ಅವಳಿಗೆ ಕೇಳ್ಲಿ ಅಂತ ಕೂಗ್ತಿದ್ದೆ. ಅವಳು ಹೋಗಿ ಎರಡು ವರ್ಷ ಆಯ್ತು, ಈಗ್ಲೂ ಹಂಗೇ ಬಾಯಿಗೆ ಬರತ್ತೆ. ಏನ್ಮಾಡ್ಲಿ?” ಇಷ್ಟನ್ನು ಅವಳು ಎಷ್ಟು ಮೆಲ್ಲಗೆ ಹೇಳಿದಳೆಂದರೆ ವಿಬೆಕೆ ಸಲಿಕೆ ನಿಲ್ಲಿಸಿ ಬಗ್ಗಿ ಕೇಳಬೇಕಾಯಿತು. ತಿರಿಲ್ ಮೂಗೊರೆಸಿಕೊಂಡಾಗ ಕೆನ್ನೆ ಮೇಲೆ ಉದ್ದಕ್ಕೆ ಕೆಸರು ಮೆತ್ತಿತು. ಅದು ಅವಳಿಗೆ ಗೊತ್ತಾಗಲಿಲ್ಲ, ಗೊತ್ತಾಗುವ ಸ್ಥಿತಿಯಲ್ಲೂ ಇರಲಿಲ್ಲ. ವಿಬೆಕೆ ಆಮೇಲೆ ತನ್ನ ಹೆಸರು ಹೇಳುವ ಗೋಜಿಗೆ ಹೋಗದೆ ಗಾಡಿ ತುಂಬಿದಳು, ನೋಡಿದಳು, ಕೇಳಿದಳು.

ಒಂದು ಗಂಟೆಗೆ ವಾಫಲ್ ಆಯಿತು, ಕಂದು ಚೀಸು, ಜಾಮು, ಕಾಫಿ ಬಂತು. ಎಲ್ಲರೂ ಬೆಂಚುಗಳ ಮೇಲೆ ಕೂತರು. ವಿಬೆಕೆ ಕೋಟು, ಚೀಲ ತಂದು, ಟೋಪಿ ತೆಗೆದಳು.

“ತಿರಿಲ್, ನಾನು ಮೂರನೇ ಮಹಡಿಯವಳಲ್ಲ. ವಿಬೆಕೆ. ಹನ್ನೊಂದು ಗಂಟೆಗೆ ಸರಿಯಾಗೇ ಬಂದಿದ್ದೆ.”

ತಿರಿಲ್‌ಳ ಕೈಲಿದ್ದ ವಾಫಲ್ ಜಾಮಿನ ಕಡೆಯಿಂದ ಮೊಣಕಾಲ ಮೇಲೆ ಬಿತ್ತು. ಭೂಮಿ ಬಾಯಿ ಬಿಡಬಾರದೇ ಅನ್ನಿಸಿತು. “ಸಾರು ಕೆಟ್ಟ ವಿಷಯ...” ಎಂದು ತೊದಲಿದಳು.

“ಅದು ನಿಜಾನೇ. ನಾನು ಹಾಗೇ ಬಳಸೋದು.” ವಿಬೆಕೆ ನಕ್ಕಳು. “ಆದ್ರೆ ಇವತ್ತು ನೋಡಿದ್ದು ಬೇರೆ. ಗಾಡಿ ಹಿಡ್ಕೊಂಡು ನಿಮ್ಮಜ್ಜಿ ವಿಷಯ ಹೇಳಿದ್ಯಲ್ಲ, ಆ ಹುಡುಗೀನೇ ನಾನು ನಾಲ್ಕು ತಿಂಗಳಿಂದ ಹುಡುಕ್ತಿದ್ದದ್ದು. ಇನ್ನೊಬ್ಬಳನ್ನ ನಿನ್ನೆ ನೋಡಿದೆ. ನನ್ನ ಮಟ್ಟಿಗೆ ಪಾತ್ರ ನಿಂದೇ. ವರದಿ ಬರೆದುಬಿಡ್ತೀನಿ, ಇರು.”

ಗುಟ್ಟು ಬಯಲಾಯಿತು. ಇಡೀ ಅಂಗಳ ಚಪ್ಪಾಳೆ ತಟ್ಟಿತು. ಒಡ್‌ವಾರ್ ಕಣ್ಣಲ್ಲಿ ನೀರು ತಂದುಕೊಂಡು, ಈ ಹುಡುಗಿಗೆ ಪೊರಕೆ ಹಿಡಿಸಿದ್ದು ನಾನೇ ಎಂದು ಎಲ್ಲರಿಗೂ ಎರಡೆರಡು ಸಲ ಹೇಳಿದ. ತಿರಿಲ್ ಅಳುತ್ತ ನಗುತ್ತ ಎಲ್ಲರನ್ನೂ ಅಪ್ಪಿಕೊಂಡಳು. ಹದಿಮೂರು ವರ್ಷ ಕಾದದ್ದು ಸಾರ್ಥಕ ಅನ್ನಿಸಿತು ಅವಳಿಗೆ.

ಅಷ್ಟಕ್ಕೆ ಸುಮ್ಮನಿದ್ದರೆ ನೆರೆಹೊರೆ ಹೇಗಾದೀತು? ಗುನ್‌ವೋರ್ ಅಜ್ಜಿ ವಿಬೆಕೆಯ ತಟ್ಟೆಗೆ ಮೂರನೇ ವಾಫಲ್ ಹಾಕಿದಳು. “ಶೂಟಿಂಗ್ ಮುಗಿಯೋ ತನಕ ಈ ಊರಲ್ಲೇ ಇರ್ತೀಯಾ? ಎಲ್ಲಿ ಇಳ್ಕೊಂಡಿದ್ದೀಯ?”

“ತಮ್ಮನ ಮನೇಲಿ, ಸೋಫಾ ಮೇಲೆ. ಎರಡು ತಿಂಗಳಾಯ್ತು. ಮನೆ ಸಿಗ್ತಾ ಇಲ್ಲ.”

“ಅಯ್ಯೋ, ನಮ್ಮ ಹುಡುಗಿಗೆ ದಾರಿ ತೋರಿಸಿದೋಳು ಸೋಫಾ ಮೇಲೆ ಮಲಗೋದಾ? ನನ್ನ ಪಕ್ಕದ್ದು ನಮ್ಮ ತಂಗಿ ಮನೆ. ಅವಳು ಈಸ್ಟರ್‌ಗೆ ವೃದ್ಧಾಶ್ರಮಕ್ಕೆ ಹೋದ್ಲು. ಬಾ, ನೋಡು.”

ಹೋಗಿ ನೋಡಿದರು. ಕಿಟಕಿಯಿಂದ ಕಡಲು ಕಾಣುತ್ತಿತ್ತು. ಹತ್ತೇ ನಿಮಿಷದಲ್ಲಿ ಕೈಕುಲುಕಿ ಮಾತು ಮುಗಿಸಿ ಇಳಿದರು. ವಿಬೆಕೆಯ ಕೈಯಲ್ಲಿ ಬೀಗದ ಕೈ. ಒಡ್‌ವಾರ್ ಅವಳ ಹೆಸರನ್ನು ಪಟ್ಟಿಗೆ ಸೇರಿಸಿದ. ಇದಕ್ಕೆ ಎಲ್ಲರಿಗಿಂತ ಜೋರಾಗಿ ಚಪ್ಪಾಳೆ ತಟ್ಟಿದವಳು ತಿರಿಲ್.

ವಿಬೆಕೆ ಚೀಲದಿಂದ ಅಚ್ಚು ಮಾಡಿದ ಹಾಳೆ ತೆಗೆದು, ಬೆಂಚಿನ ಮೇಲಿಟ್ಟು ತುಂಬತೊಡಗಿದಳು. ಹೆಸರು, ವಯಸ್ಸು, ಅಭಿಪ್ರಾಯ. ಕೊನೆಯ ಪ್ರಶ್ನೆಗೆ ಬಂದಾಗ ಪೆನ್ನು ನಿಂತಿತು.

“ಏನಾಯ್ತು?” ಎಂದಳು ತಿರಿಲ್.

ವಿಬೆಕೆ ಓದಿದಳು. “‘ಅಭ್ಯರ್ಥಿಯು ನಿಮಗೆ ನೆಂಟರೋ, ಸ್ನೇಹಿತರೋ, ನೆರೆಮನೆಯವರೋ? ಹೌದಾದಲ್ಲಿ ಆಯ್ಕೆಯಿಂದ ಹಿಂದೆ ಸರಿಯತಕ್ಕದ್ದು.’ ಸರಕಾರದ ದುಡ್ಡು ಬಿದ್ದಿರೋ ಸಿನಿಮಾ ತಿರಿಲ್. ಅರ್ಧ ಗಂಟೆ ಮುಂಚೆ ಆಗಿದ್ರೆ ಇಲ್ಲ ಅಂತ ಬರೀತಿದ್ದೆ.”

ನಾರ್ವೆ ಸಣ್ಣ ದೇಶ. ಕೆದಕಿದರೆ ಎಲ್ಲರೂ ಎಲ್ಲರಿಗೂ ದೊಡ್ಡಪ್ಪನ ಮಕ್ಕಳೇ. ಅದಕ್ಕೇ ಇಂಥ ಪ್ರಶ್ನೆಗೆ ಅಲ್ಲಿ ಯಾರೂ ಸುಳ್ಳು ಬರೆಯುವುದಿಲ್ಲ.

“ನೀವಿನ್ನೂ ಬಂದು ಸೇರಿಲ್ವಲ್ಲ,” ಎಂದಳು ತಿರಿಲ್.

“ಕೈ ಕುಲುಕಿ ಆಗಿದೆ.”

“ಹಂಗಾದ್ರೆ ಮನೆ ಬೇಡ ಅನ್ನು, ನಾನೇನೂ ಅಂದ್ಕೊಳ್ಳಲ್ಲ,” ಎಂದಳು ಅಜ್ಜಿ.

“ಅಭ್ಯರ್ಥಿಗೋಸ್ಕರ ಕಡಲು ಕಾಣೋ ಮನೆ ಬಿಟ್ಟುಕೊಡೋದಾ? ಅದು ಇನ್ನೂ ದೊಡ್ಡ ಪಕ್ಷಪಾತ ಆಗತ್ತೆ, ಗುನ್‌ವೋರ್.” ವಿಬೆಕೆ ಹಾಳೆಯನ್ನು ನಾಲ್ಕಾಗಿ ಹರಿದಳು. ಅವಳ ಮುಖ ತಿರಿಲ್‌ಳದಕ್ಕಿಂತ ಸಣ್ಣದಾಗಿತ್ತು. “ನನ್ನ ಬದಲಿಗೆ ಉತ್ತರದ ಬೋಡೊದಿಂದ ಎಸ್ಕಿಲ್ ಅಂತ ಒಬ್ರನ್ನ ಕರೆಸ್ತಾರೆ. ನಾನು ಅವರಿಗೆ ಒಂದು ಮಾತೂ ಹೇಳೋ ಹಾಗಿಲ್ಲ. ಸೋಮವಾರ ಬಂದು ನಿನ್ನನ್ನ ಮೊದಲಿಂದ ನೋಡ್ತಾರೆ.”

ತಿರಿಲ್ ಹರಿದ ಚೂರುಗಳನ್ನೇ ನೋಡುತ್ತ ಕೂತಳು. ಆದರೂ ನಾಲ್ಕು ತಿಂಗಳಿಂದ ಹುಡುಕುತ್ತಿದ್ದ ಹುಡುಗಿ ನೀನೇ ಎಂದು ಯಾರೋ ಬಾಯಿಬಿಟ್ಟು ಹೇಳಿದ್ದು ಸುಳ್ಳಲ್ಲವಲ್ಲ. ಅದನ್ನು ಯಾವ ಹಾಳೆಯೂ ಅಳಿಸಲಾರದು. ಒಬ್ಬಳಿಗೆ ಕಂಡದ್ದು ಇನ್ನೊಬ್ಬನಿಗೂ ಕಂಡೀತು.

“ಒಂದು ಮಾತು,” ಎಂದಳು ವಿಬೆಕೆ ಮೆಲ್ಲಗೆ. “ಇದು ನೆರೆಮನೆಯವಳಾಗಿ ಹೇಳೋದು. ಸೋಮವಾರ ಕನ್ನಡಿ ನೋಡ್ಬೇಡ.”

ತಿರಿಲ್ ತಲೆಯಾಡಿಸಿ, ಮೊಣಕಾಲಿನ ಜಾಮು ಒರೆಸಿಕೊಂಡು, ಎಷ್ಟೋ ದಿನದ ಮೇಲೆ ಹಸಿವಾಗಿ ಇನ್ನೊಂದು ವಾಫಲ್ ತೆಗೆದುಕೊಂಡಳು. ಬರಲಿ ಎಸ್ಕಿಲ್, ನೋಡೇಬಿಡೋಣ ಎಂದು ಒಂದು ತುಂಡು ಬಾಯಿಗಿಟ್ಟಳು.

ಗುನ್‌ವೋರ್ ಅಜ್ಜಿ ಏನೋ ಯೋಚಿಸುತ್ತಿದ್ದವಳು ತಲೆ ಎತ್ತಿದಳು. “ಬೋಡೊದಿಂದ ಅಷ್ಟು ದೂರ ಬರೋನು, ಪಾಪ. ಅವನಿಗೆ ಇಲ್ಲಿ ಇಳ್ಕೊಳ್ಳೋಕೆ ಮನೆ ಇದೆಯೇನಮ್ಮ? ಒಡ್‌ವಾರ್ ಹತ್ರ ಒಂದು ಕೋಣೆ ಖಾಲಿ ಇದೆ.”

ಒಡ್‌ವಾರ್ ಆಗಲೇ ಪಟ್ಟಿ ತೆಗೆದು, ಎಸ್ಕಿಲ್ ಎಂದು ಬರೆಯುತ್ತಿದ್ದ.