ಹಾವಿಗೆ ಒಂದೇ ಶ್ವಾಸಕೋಶ

ಶಹಾಬಾದಿನ ಹೈಸ್ಕೂಲಿನಲ್ಲಿ ಇಪ್ಪತ್ತೆರಡು ವರ್ಷಗಳಿಂದ ವಿಜ್ಞಾನ ಕಲಿಸುತ್ತಿರುವ ನನಗೆ ಹಾವೆಂದರೆ ಭಯವಿಲ್ಲ. ಅದು ಪುಸ್ತಕದಲ್ಲಿರುವವರೆಗೆ! ಕಳೆದ ಭಾನುವಾರ ಬೆಳಿಗ್ಗೆ ಒಂದು ಕೆರೆ ಹಾವು ನಮ್ಮ ಬಚ್ಚಲಿಗೇ ಬಂದು, ನೆಲದ ಫರಸಿ ಕಲ್ಲುಗಳ ಸಂದಿನಲ್ಲಿ ನುಸುಳಿಬಿಟ್ಟಿತು.

"ರೀ, ಹನ್ನೊಂದರ ಗಾಡಿಗಿ ನಾಲವಾರದಿಂದ ನಮ್ಮಣ್ಣ ಬರಾಕತ್ತಾನ. ಹಾವು ಹಿಡಿಯೋರಿಗಿ ಫೋನ್ ಹಚ್ಚರಿ" ಎಂದಳು ಹೆಂಡತಿ ಶಾಂತಾ.

ಈ ಅಣ್ಣ ನಾಲ್ಕು ಜನರ ಮುಂದೆ ನನ್ನನ್ನು "ಪುಸ್ತಕದ ಹುಳ" ಎನ್ನುವವನು. ಅವನು ಬರುವುದರೊಳಗೆ ಹಾವನ್ನು ನಾನೇ, ವಿಜ್ಞಾನದ ಬಲದಿಂದ, ಹೊರಗೆ ಹಾಕಬೇಕಿತ್ತು. ಮರ್ಯಾದೆಯ ಪ್ರಶ್ನೆ!

"ಶಾಂತಾ, ನಮಗ ಎರಡು ಶ್ವಾಸಕೋಶ. ಹಾವಿಗಿ ಕೆಲಸ ಮಾಡೋದು ಒಂದೇ. ಹೊಗಿ ಹಾಕಿದ್ರ ಎರಡು ನಿಮಿಷದಾಗ ಉಸಿರು ಕಟ್ಟಿ ಹೊರಗ ಬರ್ತದ."

"ಆ ಸಂದಿಗಿ ಸಿಮೆಂಟ್ ತುಂಬ್ರಿ ಅಂತ ಮೂರು ವರ್ಷದಿಂದ ಬಡ್ಕೊಳ್ಳಾಕತ್ತೀನಿ!"

ವಿಜ್ಞಾನ ಓದದವರ ಮಾತಿಗೆ ನಾನು ಕಿವಿಗೊಡಲಿಲ್ಲ. ಕೆಂಡದ ಮೇಲೆ ಒಂದು ಬೊಗಸೆ ಒಣಮೆಣಸಿನಕಾಯಿ ಸುರಿದು, ಸಂದಿನ ಬಾಯಿಗಿಟ್ಟು, ಟೇಬಲ್ ಫ್ಯಾನ್ ಹಚ್ಚಿದೆ.

ಹೊಗೆ ಕಲ್ಲಿನಡಿಗೆ ಹೋಯಿತು. ಹಾವು ಬರಲಿಲ್ಲ. ಅಡುಗೆಮನೆಯ ನೆಲದಿಂದ ಹೊಗೆ ಬಂತು! ಆಮೇಲೆ ದೇವರ ಕೋಣೆಯಿಂದ. ಆಮೇಲೆ ಮಂಚದ ಕೆಳಗಿಂದ. ಬರೀ ಮರಳಿನ ಮೇಲೆ ಹಾಸಿದ ಕಲ್ಲುಗಳಲ್ಲವೇ, ಮನೆಯಲ್ಲಿ ಸಂದಿಲ್ಲದ ಜಾಗವೇ ಇರಲಿಲ್ಲ. ಗೋಡೆಗೆ ಗೋಡೆ ಹತ್ತಿದ ಪಕ್ಕದ ಮನೆಯಿಂದ ರಜಾಕ್ ಚಾಚಾ ಕೆಮ್ಮುತ್ತ ಬೀದಿಗೆ ಬಂದರು.

"ಮಾಸ್ತರ್ ಸಾಬ್, ಏನ್ ಮಾಡಾಕತ್ತೀರಿ? ನಮ್ಮನಿ ನೆಲಾನೂ ಹೊಗಿ ಉಗುಳಾಕತ್ತದ!"

"ಪ್ರಯೋಗ" ಎನ್ನಲು ಹೋದೆ. ಕೆಮ್ಮು ಬಿಡಲಿಲ್ಲ. ಶಾಂತಾಳ ಹಿಂದೆ ನಾನೂ ಮೂಗು ಹಿಡಿದು ಹೊರಗೋಡಿದೆ. ಎರಡೆರಡು ಶ್ವಾಸಕೋಶದವರೆಲ್ಲ ಬೀದಿಯಲ್ಲಿ. ಒಂದೇ ಶ್ವಾಸಕೋಶದ ಹಾವು ಆರಾಮಾಗಿ ಒಳಗೆ!

ಅಷ್ಟರಲ್ಲಿ ಶಾಂತಾಳ ಅಣ್ಣ ಚೀಲ ಹಿಡಿದು ಬಂದ. ನಡೆದದ್ದನ್ನೆಲ್ಲ ಕೇಳಿಕೊಂಡು, ಬಹಳ ಗಂಭೀರವಾಗಿ, "ಹಂಗಾರ ಮನಿ ಹಾವಿನ ಹೆಸರಿಗಿ ಮಾಡಿಕೊಟ್ರಿ ಅನ್ನರಿ" ಎಂದ. ಶಾಂತಾ ಕಣ್ಣೊರೆಸಿಕೊಳ್ಳುತ್ತಲೇ ನಕ್ಕಳು. ಚಾಚಾ ತಮ್ಮ ಕಟ್ಟೆಯ ಮೇಲೆ ಎಲ್ಲರಿಗೂ ಚಹಾ ಕೊಡಿಸಿದರು. ನಿಜ ಹೇಳುತ್ತೇನೆ, ಸೋತರೂ ಆ ಚಹಾ ಭಾಳ ರುಚಿಯಾಗಿತ್ತು.

ಹೊಗೆ ಅಡಗಿ ಗದ್ದಲ ನಿಂತ ಮೇಲೆ ಹಾವು ಬಚ್ಚಲ ಮೋರಿಯಿಂದ ನಿಧಾನವಾಗಿ ಹೊರಬಂದು, ಹಳೆಯ ಕಲ್ಲುಗಣಿಯತ್ತ ಹೊರಟುಹೋಯಿತು. ಒಂದು ಸಲವೂ ಕೆಮ್ಮಲಿಲ್ಲ!

ಸಂಜೆ ಪುಸ್ತಕ ತೆಗೆದು, "ಹಾವಿಗೆ ಒಂದೇ ಶ್ವಾಸಕೋಶ" ಎಂದಿದ್ದ ಪುಟ ತಿರುವಿದೆ. ಆ ಒಂದೇ ಶ್ವಾಸಕೋಶ ಮೈಯೊಳಗೆ ಬಹುದೂರ ಚಾಚಿರುತ್ತದೆ, ತಣ್ಣನೆಯ ಮೈಗೆ ಸ್ವಲ್ಪ ಗಾಳಿ ಸಾಕು, ಹಾವು ಬಹಳ ಹೊತ್ತು ಉಸಿರಾಡದೆ ಇರಬಲ್ಲದು ಎಂದು ಸ್ಪಷ್ಟವಾಗಿ ಬರೆದಿತ್ತು. ಇಪ್ಪತ್ತೆರಡು ವರ್ಷಗಳಿಂದ ಮಕ್ಕಳಿಗೆ "ಇದನ್ನ ನೀವೇ ಓದ್ಕೋರಿ" ಎಂದು ನಾನೂ ಓದದೆ ಬಿಟ್ಟು ಬರುತ್ತಿದ್ದ ಪುಟ ಅದೇ!

ಶಾಂತಾಳ ಅಣ್ಣ ಇಷ್ಟು ದಿನ ನನ್ನನ್ನು ಪುಸ್ತಕದ ಹುಳ ಎಂದದ್ದು ಬರೀ ಹೊಗಳಿಕೆ.