ಪಂಚೆಯ ಮೇಲಿನ ನಾಯಕಿ

ನನ್ನ ಸೋದರಮಾವನಷ್ಟು ಸುಳ್ಳು ಹೇಳಲು ಬಾರದ ಮನುಷ್ಯ ಇಡೀ ನೈರೋಬಿಯಲ್ಲಿ ಇನ್ನೊಬ್ಬನಿಲ್ಲ! ಅಂಥವರು ಒಂದು ಸುಳ್ಳನ್ನು ವರ್ಷಗಟ್ಟಲೆ ಸಾಕಿದರು.

ಔಷಧಿ ಕಾರ್ಖಾನೆಯ ಮ್ಯಾನೇಜರು, ಮದುವೆಯಾಗಿರಲಿಲ್ಲ. ಟಾಕಿ ಬಂದ ಹೊಸತರಲ್ಲಿ ತೆಗೆದ ಪುಟ್ಟ ಇಂಗ್ಲಿಷ್ ಹಾಸ್ಯಚಿತ್ರಗಳೆಂದರೆ ಪ್ರಾಣ. ಎಲ್ಲದರಲ್ಲೂ ಒಂದೇ ಕಥೆ. ಹುಡುಗ ಸುಳ್ಳು ಹೇಳಿ ಹುಡುಗಿಯನ್ನು ಒಲಿಸಿಕೊಳ್ಳುತ್ತಾನೆ, ಅಂಟಿಸಿಕೊಂಡ ಮೀಸೆ ಸೂಪಿನೊಳಗೆ ಬೀಳುತ್ತದೆ, ಕೊನೆಗೆ ನಿಜ ಒಪ್ಪಿಕೊಳ್ಳುತ್ತಾನೆ, ಅವಳು ನಕ್ಕುಬಿಡುತ್ತಾಳೆ. ಪಾರ್ಕ್‌ಲ್ಯಾಂಡ್ಸಿನ ನಮ್ಮ ಫ್ಲ್ಯಾಟಿನಲ್ಲಿ ಭಾನುವಾರ ಮಧ್ಯಾಹ್ನ ಗೋಡೆಗೆ ತಮ್ಮ ಬಿಳಿ ಪಂಚೆ ಕಟ್ಟಿ, ಅದರ ಮೇಲೆ ಪ್ರೊಜೆಕ್ಟರಿನಿಂದ ಚಿತ್ರ ಬಿಟ್ಟು, ಚಿತ್ರದ ದನಿ ಅಡಗಿಸಿ, ಮಾತನ್ನೆಲ್ಲ ಮಾವ ತಾವೇ ದನಿ ಬದಲಿಸಿ ಕನ್ನಡದಲ್ಲಿ ಹೇಳುತ್ತಿದ್ದರು. ನಾಯಕಿಗೆ ನಾನು ದನಿ ಕೊಡಲೇ? ಬೇಡವಂತೆ! "ನಿನ್ನ ದನಿ ಕುಕ್ಕರ್ ಕೂಗಿದ ಹಾಗಿರುತ್ತೆ ಕಣೇ!"

ಹಾಗಾಗಿ ನಾಯಕಿಯ ದನಿಗೆ ನೈರೋಬಿಯ ಇನ್ನೊಂದು ತುದಿಯ ಸೌತ್ ಸಿಯಿಂದ ಮೇಡಂ ಬಂದರು. ಮಂಗಳೂರಿನವರು, ಎನ್‌ಜಿಒ ಒಂದರಲ್ಲಿ ಕೆಲಸ, ಒಂಟಿ. "ಕನ್ನಡ ಸಂಘದ ವಾರ್ಷಿಕೋತ್ಸವಕ್ಕೆ ಪ್ರಾಕ್ಟೀಸು" ಎಂದು ಮಾವ ಕರೆದಿದ್ದರು. ಸಂಘದವರು ಅಂಥದ್ದೇನೂ ಕೇಳಿರಲೇ ಇಲ್ಲ! ವಾರ್ಷಿಕೋತ್ಸವ ಬಂದು ಹೋದಾಗಲೆಲ್ಲ, "ನಮ್ಮದನ್ನ ಮುಂದಿನ ವರ್ಷಕ್ಕೆ ಹಾಕಿದ್ದಾರೆ ಮೇಡಂ" ಎನ್ನುವರು. ಕಿವಿ ಮಾತ್ರ ಕೆಂಪಗೆ!

"ಇದೆಂಥ ಪ್ರೋಗ್ರಾಂ ಮಾರಾಯ್ರೇ, ಬರುವುದೇ ಇಲ್ಲ!" ಎನ್ನುತ್ತ ಮೇಡಂ ಮಟಾಟು ವ್ಯಾನು ಬದಲಿಸಿಕೊಂಡು ಬರುತ್ತಲೇ ಇದ್ದರು.

"ಮಾವ, ನಿಜ ಹೇಳ್ಬಿಡಿ" ಎಂದೆ.

"ಹೇಳಿದ್ರೆ ಬರೋದೇ ನಿಲ್ಲಿಸ್ತಾರೆ. ಸುಮ್ನಿರೇ ನೀನು."

ಕೊನೆಗೆ ಮೇಡಂ ಕೆಲಸ ಮುಗಿಯಿತು, ಊರಿಗೆ ಹೊರಟರು. ಏರ್‌ಪೋರ್ಟಿನಲ್ಲಿ ಮಾವ ಟ್ರಾಲಿ ತರಲು ಹೋದಾಗ ಮೇಡಂ ನನ್ನ ಕೈ ಹಿಡಿದುಕೊಂಡರು. "ಪ್ರೋಗ್ರಾಂ ಇಲ್ಲಾಂತ ನಂಗೆ ಮೊದಲೇ ಗೊತ್ತುಂಟು. ಸಂಘದ ಪ್ರೋಗ್ರಾಂ ಎಲ್ಲ ನೋಡಿಕೊಳ್ಳುವವಳು ನಾನೇ ಅಲ್ವಾ?"

ಸಂಘದ ಕಡೆ ತಲೆಯೇ ಹಾಕದ ಮಾವನಿಗೆ ಅದು ಹೇಗೆ ತಿಳಿಯಬೇಕು! "ಮತ್ತ್ಯಾಕೆ ಬರ್ತಿದ್ರಿ?"

"ಇವತ್ತು ಹೇಳ್ತಾರೆ, ನಾಳೆ ಹೇಳ್ತಾರೆ ಅಂತ."

ಅಷ್ಟರಲ್ಲಿ ಮಾವ ಟ್ರಾಲಿ ತಳ್ಳಿಕೊಂಡು ಬಂದರು. "ಮೇಡಂ, ಮುಂದಿನ ವರ್ಷ ಪ್ರೋಗ್ರಾಂ ಗ್ಯಾರಂಟಿ! ಬರಲೇಬೇಕು!"

"ಆಯ್ತು ಸಾರ್" ಎಂದು ಮೇಡಂ ಒಳಗೆ ಹೋದರು.

ಕಾರಿನಲ್ಲಿ ಮಾವನಿಗೆ ಎಲ್ಲ ಹೇಳಿದೆ. ಭಾನುವಾರ, "ಒಂದು ಫೋನಾದ್ರೂ ಮಾಡಿ" ಎಂದೆ.

"ಪಂಚೆ ಕಟ್ಟು" ಎಂದರು.

ಚಿತ್ರ ಶುರುವಾಯಿತು. ಹುಡುಗನ ಮಾತೆಲ್ಲ ಎಂದಿನ ಹಾಗೆಯೇ ಹೇಳಿದರು. ಹುಡುಗಿ ತುಟಿ ಆಡಿಸಿದಾಗ ಸುಮ್ಮನೆ ಕಾದರು. ಕೊನೆಯಲ್ಲಿ ಹುಡುಗ ಮೀಸೆ ಕಿತ್ತು ಕೈಯಲ್ಲಿ ಹಿಡಿದು ನಿಂತ. ಮಾವ ಈ ಸಲ ದನಿ ಬದಲಿಸಲಿಲ್ಲ.

"ಪ್ರೋಗ್ರಾಂ ಏನೂ ಇಲ್ಲ ಮೇಡಂ. ನೀವು ಬರ್ಲಿ ಅಂತ ಸುಳ್ಳು ಹೇಳ್ದೆ."

ಪಂಚೆಯ ಮೇಲೆ ಹುಡುಗಿ ನಕ್ಕಳು, ಏನೋ ಹೇಳಿದಳು. ನಮಗೆ ಕೇಳಿಸಲಿಲ್ಲ.